ಫಾರ್ವರ್ಡ್ ಕೇಸು ಮತ್ತು ನಿರೀಕ್ಷಣಾ ಜಾಮೀನು: ಒಂದು ಸೆಕ್ಷನ್ ನಡೆದು ಬಂದ ದಾರಿ

“ಎಬಿ ಆಗಿದೆಯಂತೆ, ಇನ್ನೇನು ಭಯ?” ಯಾರದೋ ಖಾಸಗಿ ವಿಡಿಯೋ ಊರಿನ ವಾಟ್ಸಾಪ್ ಗ್ರೂಪುಗಳಲ್ಲಿ ಹರಿದಾಡಿ ನಾಲ್ಕು ಹುಡುಗರ ಮೇಲೆ ಕೇಸಾದರೆ, ಜಿಲ್ಲಾ ಕೋರ್ಟಿನ ಎದುರಿನ ಹೋಟೆಲಿನಲ್ಲಿ ಈ ಮಾತು ಕಿವಿಗೆ ಬಿದ್ದೇ ಬೀಳುತ್ತದೆ. ಎಬಿ ಅಂದರೆ ಆಂಟಿಸಿಪೇಟರಿ ಬೇಲ್. ಪತ್ರಿಕೆಗಳ ಭಾಷೆಯಲ್ಲಿ ನಿರೀಕ್ಷಣಾ ಜಾಮೀನು. ಅದು ಸಿಕ್ಕರೆ ಕೇಸೇ ಬಿದ್ದುಹೋಯಿತು ಎಂದುಕೊಳ್ಳುವವರಿದ್ದಾರೆ. ಸಿಗದಿದ್ದರೆ ತಪ್ಪು ಸಾಬೀತಾಯಿತು ಎಂದುಕೊಳ್ಳುವವರೂ ಇದ್ದಾರೆ. ಎರಡೂ ಅಲ್ಲ.

ಈ ಜಾಮೀನು ನಮ್ಮ ಕಾನೂನಿಗೆ ಬಂದು 50 ವರ್ಷ ದಾಟಿತು. ಬಂದಾಗ ಮೊಬೈಲ್ ಇರಲಿಲ್ಲ. ಎದುರಾಳಿಯ ಮೇಲೆ ಸುಳ್ಳು ಕೇಸು ಹಾಕಿಸಿ, ನಾಲ್ಕು ದಿನ ಒಳಗೆ ಕೂರಿಸಿ ಮಾನ ಕಳೆಯುವ ರಾಜಕೀಯ ಚಾಳಿಗೆ ಮದ್ದಾಗಿ ಅದನ್ನು ತಂದರು. ಅದು ಫೋನಿನ ಕೇಸಿಗೆ ಹೇಗೆ ಬಂದು ಸೇರಿತು ಎಂಬುದನ್ನು ನೋಡೋಣ. ನಡುವೆ ‘ಎ’ ಎಂಬ ಒಂದೇ ಒಂದು ಇಂಗ್ಲಿಷ್ ಅಕ್ಷರದ ಕತೆಯೂ ಇದೆ. ಅದೇ ಮುಖ್ಯ.

ಬ್ರಿಟಿಷರ ಕಾಲದ 1898ರ ಕ್ರಿಮಿನಲ್ ಪ್ರಕ್ರಿಯಾ ಸಂಹಿತೆಯಲ್ಲಿ ನಿರೀಕ್ಷಣಾ ಜಾಮೀನು ಎಂಬುದೇ ಇರಲಿಲ್ಲ. ಪೊಲೀಸರು ಮೊದಲು ಹಿಡಿಯಬೇಕು, ಆಮೇಲೆ ಜಾಮೀನು ಕೇಳಬೇಕು. ಹಿಡಿಯುವ ಮೊದಲೇ ಕೊಡಬಹುದೇ ಎಂದು ಹೈಕೋರ್ಟುಗಳಲ್ಲೇ ಭಿನ್ನಾಭಿಪ್ರಾಯವಿತ್ತು. 1969ರಲ್ಲಿ ಕಾನೂನು ಆಯೋಗ ತನ್ನ 41ನೇ ವರದಿಯಲ್ಲಿ ಇದನ್ನು ಎತ್ತಿಕೊಂಡಿತು. ಪ್ರಭಾವಿಗಳು ತಮ್ಮ ವಿರೋಧಿಗಳನ್ನು ಸುಳ್ಳು ಪ್ರಕರಣಗಳಲ್ಲಿ ಸಿಕ್ಕಿಸಿ ಅವಮಾನ ಮಾಡುತ್ತಾರೆ, ಆದ್ದರಿಂದ ಬಂಧನಕ್ಕೆ ಮೊದಲೇ ಕೋರ್ಟಿಗೆ ಹೋಗುವ ದಾರಿ ಬೇಕು ಎಂಬುದು ಆಯೋಗದ ವಾದ. ಹೊಸ ಸಂಹಿತೆ 1974ರ ಏಪ್ರಿಲ್ 1ರಂದು ಜಾರಿಗೆ ಬಂತು. ಅದರ 438ನೇ ಸೆಕ್ಷನ್ನೇ ನಿರೀಕ್ಷಣಾ ಜಾಮೀನು. ಸೆಷನ್ಸ್ ಕೋರ್ಟ್ ಇಲ್ಲವೇ ಹೈಕೋರ್ಟ್ ಮಾತ್ರ ಕೊಡಬಹುದು, ಕೆಳಗಿನ ಮ್ಯಾಜಿಸ್ಟ್ರೇಟರಿಗೆ ಅಧಿಕಾರವಿಲ್ಲ. ಕೋರ್ಟ್ ಇದನ್ನು ಕೊಟ್ಟರೆ ಬಂಧನವೇ ಆಗುವುದಿಲ್ಲ ಎಂದು ಅರ್ಥವಲ್ಲ. ಬಂಧಿಸಿದರೂ ಕೂಡಲೇ ಜಾಮೀನಿನ ಮೇಲೆ ಬಿಡಬೇಕು ಎಂದರ್ಥ.

ಅದು ಹುಟ್ಟಿದ ಮರುವರ್ಷವೇ ತುರ್ತು ಪರಿಸ್ಥಿತಿ ಬಂತು. ಉತ್ತರ ಪ್ರದೇಶ ಸರ್ಕಾರ 1976ರಲ್ಲಿ ತಿದ್ದುಪಡಿ ತಂದು ತನ್ನ ರಾಜ್ಯದಲ್ಲಿ 438ನ್ನು ತೆಗೆದೇ ಹಾಕಿತು. ಅಲ್ಲಿನ ಜನಕ್ಕೆ ಅದು ಮರಳಿ ಸಿಕ್ಕಿದ್ದು 2019ರಲ್ಲಿ. ನಾಲ್ಕು ದಶಕ ದೇಶದ ಅತಿ ದೊಡ್ಡ ರಾಜ್ಯದಲ್ಲಿ ಈ ಬಾಗಿಲೇ ಇರಲಿಲ್ಲ.

ಇಂದು ಯಾವ ಜಿಲ್ಲಾ ಕೋರ್ಟಿನಲ್ಲಿ ನಿರೀಕ್ಷಣಾ ಜಾಮೀನಿನ ವಾದ ನಡೆದರೂ ಹೆಸರು ಬರುವ ತೀರ್ಪು 1980ರ ಏಪ್ರಿಲ್‌ನದು. ಗುರುಬಕ್ಷ್ ಸಿಂಗ್ ಸಿಬ್ಬಿಯಾ ಪಂಜಾಬಿನ ಕಾಂಗ್ರೆಸ್ ಸರ್ಕಾರದಲ್ಲಿ ನೀರಾವರಿ ಮತ್ತು ವಿದ್ಯುತ್ ಮಂತ್ರಿಯಾಗಿದ್ದವರು. ಭ್ರಷ್ಟಾಚಾರದ ಆರೋಪ ಬಂದಾಗ ನಿರೀಕ್ಷಣಾ ಜಾಮೀನು ಕೇಳಿದರು. ಪಂಜಾಬ್ ಮತ್ತು ಹರಿಯಾಣ ಹೈಕೋರ್ಟ್ ಒಂದರ ಮೇಲೊಂದು ಷರತ್ತು ಪೇರಿಸಿ, ಇದು ಅಪರೂಪಕ್ಕೆ ಮಾತ್ರ ಕೊಡುವಂಥದ್ದು ಎಂದು ಅರ್ಜಿ ತಳ್ಳಿಹಾಕಿತ್ತು. ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ, ಮುಖ್ಯ ನ್ಯಾಯಮೂರ್ತಿ ವೈ.ವಿ. ಚಂದ್ರಚೂಡ್ ನೇತೃತ್ವದಲ್ಲಿ, ಆ ಕಟ್ಟುಪಾಡುಗಳನ್ನು ಒಪ್ಪಲಿಲ್ಲ. ಕಾನೂನು ಬರೆಯುವಾಗ ಇಲ್ಲದ ಷರತ್ತುಗಳನ್ನು ಕೋರ್ಟು ಸೇರಿಸಬಾರದು ಎಂದಿತು. ಎಫ್‌ಐಆರ್ ಆಗುವವರೆಗೆ ಕಾಯಬೇಕಿಲ್ಲ. ಆದರೆ ಸುಮ್ಮನೆ ಅಂಜಿಕೆ ಇದೆ ಎಂದರೆ ಸಾಲದು, ಬಂಧನದ ಭಯಕ್ಕೆ ಕಾರಣ ತೋರಿಸಬೇಕು. ‘ಯಾವ ಕೇಸಿಗೂ ಹಿಡಿಯಬೇಡಿ’ ಎಂಬ ಸಾರಾಸಗಟು ಆದೇಶವೂ ಕೂಡದು.

ಇದಾದ ಮೇಲೂ ಒಂದು ಗೊಂದಲ ಉಳಿಯಿತು. ಈ ಜಾಮೀನು ಎಷ್ಟು ದಿನ? 1996ರಲ್ಲಿ ಸುಪ್ರೀಂ ಕೋರ್ಟಿನ ಸಣ್ಣ ಪೀಠವೊಂದು ಕೆಲವು ದಿನಗಳಿಗೆ ಮಾತ್ರ ಎಂದಿತು. 2010ರಲ್ಲಿ ನಮ್ಮ ಗಡಿಯಾಚೆಯ ಅಕ್ಕಲಕೋಟೆಯ ರಾಜಕಾರಣಿ ಸಿದ್ಧರಾಮ ಮೇತ್ರೆ ಅವರ ಪ್ರಕರಣದಲ್ಲಿ, ಹಾಗೇನಿಲ್ಲ, ವಿಚಾರಣೆ ಮುಗಿಯುವವರೆಗೂ ಇರಬಹುದು ಎಂದಿತು. ಕೊನೆಗೆ 2020ರ ಜನವರಿಯಲ್ಲಿ ಸುಶೀಲಾ ಅಗರ್ವಾಲ್ ಪ್ರಕರಣದಲ್ಲಿ ಐವರ ಪೀಠ ಎರಡನೆಯ ಮಾತನ್ನೇ ಗಟ್ಟಿ ಮಾಡಿತು. ಸಾಮಾನ್ಯವಾಗಿ ಕಾಲಮಿತಿ ಬೇಡ, ವಿಶೇಷ ಕಾರಣವಿದ್ದರೆ ಕೋರ್ಟ್ ಹಾಕಬಹುದು.

ಜಾಮೀನಿನ ಕತೆ ಹೀಗೆ ಸಾಗುತ್ತಿದ್ದಾಗ ಅಶ್ಲೀಲತೆಯ ಕಾನೂನು ಬೇರೆಯೇ ದಾರಿಯಲ್ಲಿತ್ತು. 1860ರ ದಂಡಸಂಹಿತೆಯ 292ನೇ ಸೆಕ್ಷನ್ ಅಶ್ಲೀಲ ಪುಸ್ತಕ, ಚಿತ್ರ ಮಾರುವವರಿಗೆ. ಇದರ ಹೆಸರಾಂತ ಪ್ರಕರಣ ಮುಂಬಯಿಯದು. ಪುಸ್ತಕದಂಗಡಿಯ ಪಾಲುದಾರರು ‘ಲೇಡಿ ಚಾಟರ್ಲೀಸ್ ಲವರ್’ ಕಾದಂಬರಿ ಮಾರಿದರೆಂದು ಕೇಸಾಯಿತು. 1964ರಲ್ಲಿ ಸುಪ್ರೀಂ ಕೋರ್ಟ್ ಶಿಕ್ಷೆಯನ್ನು ಎತ್ತಿಹಿಡಿಯಿತು. ಶಿಕ್ಷೆ ಎಷ್ಟು ಗೊತ್ತೇ? ತಲಾ 20 ರೂಪಾಯಿ ದಂಡ, ಕಟ್ಟದಿದ್ದರೆ ಒಂದು ವಾರ ಜೈಲು. ಮುಂದೆ 1969ರಲ್ಲಿ ಶಿಕ್ಷೆಯನ್ನು ಎರಡು ವರ್ಷಕ್ಕೆ ಏರಿಸಿದರು. ಆದರೂ 292 ಠಾಣೆಯಲ್ಲೇ ಜಾಮೀನು ಸಿಗುವ ಅಪರಾಧವಾಗಿಯೇ ಉಳಿಯಿತು.

ಇಲ್ಲಿ ಸ್ವಲ್ಪ ನಿಲ್ಲಬೇಕು. ಅಪರಾಧಗಳಲ್ಲಿ ಎರಡು ಬಗೆ. ಒಂದರಲ್ಲಿ ಜಾಮೀನು ಆರೋಪಿಯ ಹಕ್ಕು, ಠಾಣೆಯಲ್ಲೇ ಕೊಡಬೇಕು. ಇನ್ನೊಂದು ಜಾಮೀನುರಹಿತ, ಅಂದರೆ ಕೋರ್ಟ್ ಮನಸ್ಸು ಮಾಡಿದರೆ ಮಾತ್ರ. ನಿರೀಕ್ಷಣಾ ಜಾಮೀನು ಇರುವುದು ಎರಡನೆಯ ಬಗೆಗೆ ಮಾತ್ರ. ಹಾಗಾಗಿ ಪುಸ್ತಕದಂಗಡಿಯವನಿಗೆ 292ರ ಅಡಿ ಕೇಸಾದರೆ ಎಬಿಯ ಮಾತೇ ಬರುತ್ತಿರಲಿಲ್ಲ.

ಎರಡು ದಾರಿ ಕೂಡಿದ್ದು 2000ದಲ್ಲಿ. ಆ ವರ್ಷದ ಅಕ್ಟೋಬರ್ 17ರಂದು ಜಾರಿಗೆ ಬಂದ ಮಾಹಿತಿ ತಂತ್ರಜ್ಞಾನ ಕಾಯ್ದೆ, ಅಂದರೆ ಐಟಿ ಆಕ್ಟ್, ತನ್ನ 67ನೇ ಸೆಕ್ಷನ್‌ನಲ್ಲಿ ಕಂಪ್ಯೂಟರಿನ ಮೂಲಕ ಅಶ್ಲೀಲವಾದದ್ದನ್ನು ಹರಡಿದರೆ ಐದು ವರ್ಷದವರೆಗೆ ಜೈಲು ಎಂದಿತು. ಐದು ವರ್ಷ ಎಂದ ಕೂಡಲೇ ಅದು ಜಾಮೀನುರಹಿತವಾಯಿತು. ಅಂಗಡಿಯಲ್ಲಿ ಮಾರಿದರೆ ಠಾಣೆಯಲ್ಲೇ ಬಿಡುಗಡೆ, ಇಂಟರ್ನೆಟ್ಟಿಗೆ ಹಾಕಿದರೆ ಜೈಲಿನ ದಾರಿ.

ಇದರ ಬಿಸಿ ದೇಶಕ್ಕೆ ತಟ್ಟಿದ್ದು 2004ರ ಕೊನೆಯಲ್ಲಿ. ದೆಹಲಿಯ ಶಾಲಾ ಮಕ್ಕಳಿಬ್ಬರ ಮೊಬೈಲ್ ಕ್ಲಿಪ್ ಒಂದು ಬಾಜೀ ಡಾಟ್ ಕಾಮ್ ಎಂಬ ಮಾರಾಟದ ತಾಣದಲ್ಲಿ ಸರಕಿನಂತೆ ಬಂದು ಕೂತಿತು. ಅದನ್ನು ಅಲ್ಲಿ ಹಾಕಿದವನು ಐಐಟಿ ವಿದ್ಯಾರ್ಥಿ. ಪೊಲೀಸರು ಅವನ ಜೊತೆಗೆ ಕಂಪನಿಯ ಮುಖ್ಯಸ್ಥ ಅವನೀಶ್ ಬಜಾಜ್ ಅವರನ್ನೂ ಬಂಧಿಸಿದರು. ಡಿಸೆಂಬರ್‌ನಲ್ಲಿ ದೆಹಲಿ ಹೈಕೋರ್ಟ್ ಬಜಾಜ್‌ಗೆ ಜಾಮೀನು ಕೊಟ್ಟಿತು. ಕಂಪನಿಯನ್ನೇ ಆರೋಪಿ ಮಾಡದೆ ಮುಖ್ಯಸ್ಥನ ಮೇಲೆ ಕೇಸು ನಡೆಸಲಾಗದು ಎಂದು 2012ರಲ್ಲಿ ಸುಪ್ರೀಂ ಕೋರ್ಟ್ ಹೇಳುವವರೆಗೆ ಪ್ರಕರಣ ಎಳೆಯಿತು. ದೊಡ್ಡ ಕಂಪನಿಯ ಮುಖ್ಯಸ್ಥ ಜೈಲಿಗೆ ಹೋದದ್ದೇ ಕಾನೂನು ತಿದ್ದಲು ಒಂದು ಕಾರಣವಾಯಿತು ಎಂದು ನನಗನಿಸುತ್ತದೆ. ಹಳ್ಳಿಯ ಹುಡುಗನೊಬ್ಬ ಹೋಗಿದ್ದರೆ ಇಷ್ಟು ಬೇಗ ತಿದ್ದುತ್ತಿರಲಿಲ್ಲವೇನೋ.

ತಿದ್ದುಪಡಿ ಜಾರಿಗೆ ಬಂದದ್ದು 2009ರ ಅಕ್ಟೋಬರ್ 27ರಂದು. ಒಂದೇ ಇದ್ದ 67 ಮೂರಾಯಿತು. ಬರೀ 67 ಅಂದರೆ ಅಶ್ಲೀಲವಾದದ್ದನ್ನು ಹರಡುವುದು, ಮೊದಲ ಸಲಕ್ಕೆ ಮೂರು ವರ್ಷದವರೆಗೆ ಜೈಲು, ಐದು ಲಕ್ಷದವರೆಗೆ ದಂಡ. 67ಎ ಅಂದರೆ ಲೈಂಗಿಕ ಕ್ರಿಯೆಯನ್ನು ಬಿಚ್ಚಿ ತೋರಿಸುವಂಥದ್ದನ್ನು ಹರಡುವುದು, ಐದು ವರ್ಷದವರೆಗೆ ಜೈಲು, ಹತ್ತು ಲಕ್ಷದವರೆಗೆ ದಂಡ. 67ಬಿ ಮಕ್ಕಳ ಕುರಿತದ್ದು, ಅದಕ್ಕೂ ಐದು ವರ್ಷ. ಜೊತೆಗೆ 77ಬಿ ಎಂಬ ಸೆಕ್ಷನ್ ಸೇರಿಸಿ, ಮೂರು ವರ್ಷದ ಶಿಕ್ಷೆಯ ಅಪರಾಧಗಳಿಗೆ ಠಾಣೆಯಲ್ಲೇ ಜಾಮೀನು ಎಂದರು.

‘ಎ’ ಅಕ್ಷರದ ಮಹಿಮೆ ಇಲ್ಲಿದೆ. ಎಫ್‌ಐಆರ್‌ನಲ್ಲಿ ಬರೀ 67 ಇದ್ದರೆ ನಿರೀಕ್ಷಣಾ ಜಾಮೀನು ಬೇಕಾಗಿಯೇ ಇಲ್ಲ, ಅರ್ಜಿ ಹಾಕಿದರೂ ನಿಲ್ಲುವುದಿಲ್ಲ. 67ಎ ಇದ್ದರೆ ವಕೀಲರ ಮನೆ, ಸೆಷನ್ಸ್ ಕೋರ್ಟ್, ಅಲ್ಲಾಗದಿದ್ದರೆ ಹೈಕೋರ್ಟ್. (2008ರಲ್ಲಿ ಧಾರವಾಡ, ಕಲಬುರಗಿಗಳಲ್ಲಿ ಹೈಕೋರ್ಟ್ ಪೀಠ ಆಗದೇ ಇದ್ದಿದ್ದರೆ ಬೀದರ್‌ನವರೂ ಇದಕ್ಕಾಗಿ ಬೆಂಗಳೂರಿನ ರೈಲು ಹತ್ತಬೇಕಿತ್ತು.) ಆದ್ದರಿಂದ ಎಫ್‌ಐಆರ್ ಪ್ರತಿ ಕೈಗೆ ಬಂದರೆ ಮೊದಲು ಆ ಅಕ್ಷರ ನೋಡಬೇಕು. ಕೆಲವರು ಇದನ್ನು 66ಎ ಜೊತೆ ಬೆರೆಸಿ, ‘ಅದು ರದ್ದಾಗಿದೆಯಲ್ಲ’ ಎನ್ನುತ್ತಾರೆ. 2015ರಲ್ಲಿ ಸುಪ್ರೀಂ ಕೋರ್ಟ್ ರದ್ದು ಮಾಡಿದ್ದು 66ಎ ಸೆಕ್ಷನ್ನನ್ನು. 67ಎ ಗಟ್ಟಿಯಾಗಿಯೇ ಇದೆ.

ನನ್ನ ತಕರಾರು ಇರುವುದು ಈ ಕಾನೂನಿನ ಅಳತೆಗೋಲಿನ ಬಗ್ಗೆ. ಅದು ದೃಶ್ಯ ಎಷ್ಟು ಬಿಚ್ಚಾಗಿದೆ ಎಂದು ಅಳೆಯುತ್ತದೆ, ಹೆಣ್ಣುಮಗಳ ಒಪ್ಪಿಗೆ ಇತ್ತೇ ಎಂದು ಅಳೆಯುವುದಿಲ್ಲ. ಒಬ್ಬಾಕೆ ಸ್ನಾನ ಮಾಡುವಾಗ ಕದ್ದು ಫೋಟೋ ತೆಗೆದು ಹಂಚಿದರು ಎಂದುಕೊಳ್ಳಿ. ಅದಕ್ಕೆ ಖಾಸಗಿತನದ ಭಂಗವೆಂದು ಐಟಿ ಆಕ್ಟಿನ 66ಇ, ಅಶ್ಲೀಲವೆಂದು 67, ಕದ್ದು ನೋಡಿದ್ದಕ್ಕೆ ದಂಡಸಂಹಿತೆಯ ಸೆಕ್ಷನ್. ಮೊದಲ ಸಲದ ಆರೋಪಿಗೆ ಮೂರಕ್ಕೂ ಠಾಣೆಯಲ್ಲೇ ಜಾಮೀನು. ಅದೇ ಯಾವುದೋ ದೇಶದ ನೀಲಿಚಿತ್ರದ ತುಣುಕನ್ನು ಗೆಳೆಯರ ಗ್ರೂಪಿಗೆ ತಳ್ಳಿದರೆ 67ಎ, ಜಾಮೀನುರಹಿತ. ಊರಿನ ಹೆಣ್ಣುಮಗಳ ಬದುಕು ಹಾಳುಮಾಡಿದವನು ಸಂಜೆಗೇ ಮನೆಗೆ, ನೀಲಿಚಿತ್ರ ಕಳಿಸಿದವನು ಹೈಕೋರ್ಟಿಗೆ! ದೂರು ಕೊಡುವವರ ಕಡೆಯವರು ಹೇಗಾದರೂ 67ಎ ಹಾಕಿ ಎಂದು ಒತ್ತಾಯಿಸುವುದಕ್ಕೆ ಇದೇ ಕಾರಣ. ಬೈಗುಳದ ಭಾಷೆಗೂ 67ಎ ಹಾಕುವುದುಂಟು. ‘ಕಾಲೇಜ್ ರೊಮ್ಯಾನ್ಸ್’ ಎಂಬ ವೆಬ್ ಸರಣಿಯ ಕೇಸಿನಲ್ಲಿ 2024ರ ಮಾರ್ಚ್‌ನಲ್ಲಿ ನ್ಯಾಯಮೂರ್ತಿಗಳಾದ ಎ.ಎಸ್. ಬೋಪಣ್ಣ ಮತ್ತು ಪಿ.ಎಸ್. ನರಸಿಂಹ ಇದ್ದ ಸುಪ್ರೀಂ ಕೋರ್ಟ್ ಪೀಠ, ಹೊಲಸು ಬೈಗುಳವೆಲ್ಲ ಅಶ್ಲೀಲವಾಗುವುದಿಲ್ಲ, 67ಎ ಅಂತೂ ಆಗುವುದೇ ಇಲ್ಲ ಎಂದು ಕೇಸು ರದ್ದುಮಾಡಿತು.

67ಎ ಬಿದ್ದ ಮಾತ್ರಕ್ಕೆ ಪೊಲೀಸರು ಹಿಡಿದೇ ತೀರಬೇಕೆಂದೂ ಇಲ್ಲ. 2014ರ ಅರ್ನೇಶ್ ಕುಮಾರ್ ತೀರ್ಪಿನ ಪ್ರಕಾರ ಏಳು ವರ್ಷದವರೆಗಿನ ಶಿಕ್ಷೆಯ ಅಪರಾಧಗಳಲ್ಲಿ ಬಂಧನ ಯಾಕೆ ಬೇಕೆಂದು ಪೊಲೀಸರು ಬರೆದಿಡಬೇಕು, ಬೇಡವಾದರೆ ನೋಟಿಸ್ ಕೊಟ್ಟು ಕರೆಸಬೇಕು. ಐಟಿ ಆಕ್ಟಿನ ತನಿಖೆಯನ್ನು ಇನ್‌ಸ್ಪೆಕ್ಟರ್ ಇಲ್ಲವೇ ಅವರಿಗಿಂತ ಮೇಲಿನವರೇ ಮಾಡಬೇಕು, ಪಿಎಸ್‌ಐ ಮಾಡುವಂತಿಲ್ಲ. ನಮ್ಮಲ್ಲಿ ಇಂಥ ಕೇಸುಗಳು ಜಿಲ್ಲೆಯ ಸಿಇಎನ್ ಠಾಣೆಗೆ ಹೋಗುವುದು ಸಾಮಾನ್ಯ.

‘ನಾನು ಮಾಡಿದ್ದಲ್ಲ, ಬಂದದ್ದನ್ನು ಕಳಿಸಿದೆ ಅಷ್ಟೇ’ ಎಂಬ ಸಮಜಾಯಿಷಿ ಎಲ್ಲರ ಬಾಯಲ್ಲೂ ಇರುತ್ತದೆ. ಇದಕ್ಕೆ ಉತ್ತರ ಬಂದದ್ದು ನಿರೀಕ್ಷಣಾ ಜಾಮೀನಿನ ಅರ್ಜಿಯಲ್ಲೇ. 2018ರಲ್ಲಿ ತಮಿಳು ನಟ, ಬಿಜೆಪಿ ಮುಖಂಡ ಎಸ್.ವಿ. ಶೇಖರ್ ಪತ್ರಕರ್ತೆಯರನ್ನು ಹೀನಾಯವಾಗಿ ಹೇಳಿದ ಪೋಸ್ಟೊಂದನ್ನು ಫೇಸ್‌ಬುಕ್ಕಿನಲ್ಲಿ ಹಂಚಿದರು. ಅದು ಅಶ್ಲೀಲ ವಿಡಿಯೋ ಅಲ್ಲ, ಬರಹ. ಆದರೂ ಮದ್ರಾಸ್ ಹೈಕೋರ್ಟ್, ಫಾರ್ವರ್ಡ್ ಮಾಡಿದವನು ಆ ಮಾತನ್ನು ಒಪ್ಪಿ ಅನುಮೋದಿಸಿದಂತೆಯೇ ಎಂದು ನಿರೀಕ್ಷಣಾ ಜಾಮೀನು ನಿರಾಕರಿಸಿತು. 2024ರಲ್ಲಿ ಚೆನ್ನೈನ ವಿಶೇಷ ಕೋರ್ಟ್ ಅವರಿಗೆ ಒಂದು ತಿಂಗಳ ಶಿಕ್ಷೆ ವಿಧಿಸಿತು. ಗ್ರೂಪ್ ಅಡ್ಮಿನ್‌ಗಳ ವಿಷಯದಲ್ಲಿ ಮಾತ್ರ ಬಾಂಬೆ ಹೈಕೋರ್ಟ್ 2021ರಲ್ಲಿ, ಕೇರಳ ಹೈಕೋರ್ಟ್ 2022ರಲ್ಲಿ ಸಮಾಧಾನದ ಮಾತು ಹೇಳಿವೆ. ಸದಸ್ಯ ಹಾಕಿದ್ದಕ್ಕೆ ಅಡ್ಮಿನ್ ಆದ ಕಾರಣಕ್ಕೇ ಹೊಣೆಯಾಗುವುದಿಲ್ಲ.

ಎಬಿ ಸಿಗುವುದು, ಸಿಗದಿರುವುದು ತಪ್ಪಿನ ತೀರ್ಪಲ್ಲ ಎಂದೆನಲ್ಲ, ಎರಡು ಪ್ರಕರಣ ಪಕ್ಕಪಕ್ಕ ಇಟ್ಟು ನೋಡಿ. ಕೇರಳದ ಹೋರಾಟಗಾರ್ತಿ ರೆಹನಾ ಫಾತಿಮಾ ತಮ್ಮ ಅರೆಬೆತ್ತಲೆ ಮೈಮೇಲೆ ಮಕ್ಕಳು ಚಿತ್ರ ಬರೆಯುವ ವಿಡಿಯೋ ಹಾಕಿದರು. ಪೋಕ್ಸೊ, 67ಬಿ ಬಿತ್ತು. 2020ರ ಜುಲೈನಲ್ಲಿ ಕೇರಳ ಹೈಕೋರ್ಟ್ ನಿರೀಕ್ಷಣಾ ಜಾಮೀನು ಕೊಡಲಿಲ್ಲ, ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟೂ ಕೊಡಲಿಲ್ಲ, ಅವರು ಪೊಲೀಸರಿಗೆ ಶರಣಾದರು. 2023ರ ಜೂನ್‌ನಲ್ಲಿ ಅದೇ ಹೈಕೋರ್ಟ್, ಬೆತ್ತಲೆಯೆಲ್ಲ ಅಶ್ಲೀಲವಲ್ಲ ಎಂದು ಅವರನ್ನು ಕೇಸಿನಿಂದಲೇ ಬಿಡುಗಡೆ ಮಾಡಿತು. ಇನ್ನೊಂದು ಮುಂಬಯಿಯದು. ಅಶ್ಲೀಲ ವಿಡಿಯೋಗಳ ಕೇಸಿನಲ್ಲಿ ಉದ್ಯಮಿ ರಾಜ್ ಕುಂದ್ರಾಗೆ 2021ರಲ್ಲಿ ಬಾಂಬೆ ಹೈಕೋರ್ಟ್ ಇಲ್ಲವೆಂದಿತು. 2022ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಕೊಟ್ಟಿತು. ಅಷ್ಟರಲ್ಲಿ ಚಾರ್ಜ್‌ಶೀಟ್ ಸಲ್ಲಿಕೆಯಾಗಿತ್ತು. ಕೇಸು ಮಾತ್ರ ಕೇಸಾಗಿಯೇ ಉಳಿಯಿತು.

ಮಕ್ಕಳ ವಿಷಯದಲ್ಲಿ ಈಗ ಯಾವ ಸಡಿಲಿಕೆಯನ್ನೂ ನಿರೀಕ್ಷಿಸುವಂತಿಲ್ಲ. 2024ರ ಜುಲೈನಲ್ಲಿ ನಮ್ಮ ಹೈಕೋರ್ಟೇ, ಮಕ್ಕಳ ಅಶ್ಲೀಲ ಚಿತ್ರವನ್ನು ಬರೀ ನೋಡಿದ್ದು 67ಬಿ ಆಗುವುದಿಲ್ಲ ಎಂದು ಒಂದು ಕೇಸು ರದ್ದುಮಾಡಿತ್ತು. ಆ ಸೆಕ್ಷನ್ನಿನ ಒಂದು ಭಾಗ ಕಣ್ತಪ್ಪಿತ್ತು ಎಂದು ಅದೇ ನ್ಯಾಯಮೂರ್ತಿಗಳು ಕೆಲವೇ ದಿನಗಳಲ್ಲಿ ಆದೇಶ ಹಿಂದಕ್ಕೆ ಪಡೆದರು. ಸೆಪ್ಟೆಂಬರ್ 23ರಂದು ಸುಪ್ರೀಂ ಕೋರ್ಟ್ ಇಂಥ ವಿಡಿಯೋವನ್ನು ಅಳಿಸದೆ, ದೂರು ಕೊಡದೆ ಇಟ್ಟುಕೊಳ್ಳುವುದೂ ಪೋಕ್ಸೊ ಅಡಿ ಅಪರಾಧವಾಗುತ್ತದೆ ಎಂದಿತು.

ಇನ್ನು ವಿಡಿಯೋದಲ್ಲಿ ಇರುವಾಕೆಯ ಮಾತು. ಇಡೀ ಇತಿಹಾಸದಲ್ಲಿ ತೀರಾ ತಡವಾಗಿ ಬಂದ ಪಾತ್ರ ಆಕೆಯದು. 1974ರ ಕಾನೂನಿನ ಕಲ್ಪನೆಯಲ್ಲಿ ಎರಡೇ ಕಡೆ, ಬಂಧಿಸುವ ಪೊಲೀಸ್ ಮತ್ತು ಬಂಧನದ ಭಯದಲ್ಲಿರುವ ಆರೋಪಿ. ಜಾಮೀನಿನ ವಾದ ನಡೆಯುವುದು ಆಕೆಗೆ ಗೊತ್ತೇ ಆಗದ ದಿನಗಳು ಬೇಕಾದಷ್ಟಿದ್ದವು. 2020ರ ಜೂನ್‌ನಲ್ಲಿ ನಮ್ಮ ಹೈಕೋರ್ಟಿನ ಒಂದು ನಿರೀಕ್ಷಣಾ ಜಾಮೀನು ಆದೇಶ, ಅತ್ಯಾಚಾರದ ದೂರು ಕೊಟ್ಟ ಹೆಣ್ಣುಮಗಳ ನಡತೆ ಭಾರತೀಯ ನಾರಿಗೆ ತಕ್ಕದ್ದಲ್ಲ ಎಂಬರ್ಥದ ಮಾತು ಬರೆದು, ವಿರೋಧ ಬಂದ ಮೇಲೆ ಆ ಸಾಲನ್ನು ತೆಗೆಯಿತು. ಮುಂದಿನ ತಿಂಗಳು ಮಧ್ಯಪ್ರದೇಶ ಹೈಕೋರ್ಟಿನ ಇಂದೋರ್ ಪೀಠ ಒಬ್ಬ ಆರೋಪಿಗೆ, ತಾನು ಕಾಡಿದ ಹೆಣ್ಣುಮಗಳಿಂದಲೇ ರಾಖಿ ಕಟ್ಟಿಸಿಕೊಳ್ಳಬೇಕೆಂದು ಷರತ್ತು ಹಾಕಿತು. 2021ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ ಅದನ್ನು ತೆಗೆದುಹಾಕಿ, ಆರೋಪಿಯನ್ನು ಆಕೆಯ ಹತ್ತಿರಕ್ಕೆ ತರುವ, ರಾಜಿಗೆ ದೂಡುವ ಷರತ್ತುಗಳು ಬೇಡವೇ ಬೇಡ ಎಂದಿತು. ‘ಊರೊಳಗೇ ಮುಗಿಸಿಕೊಳ್ಳಿ’ ಎನ್ನುವ ನಮ್ಮ ಹಿರಿಯರೂ ಓದಬೇಕಾದ ತೀರ್ಪು ಅದು. 2022ರಲ್ಲಿ ಲಖೀಂಪುರ ಖೇರಿ ಪ್ರಕರಣದ ಜಾಮೀನು ರದ್ದುಮಾಡುವಾಗ, ನೊಂದವರಿಗೆ ಪ್ರತಿ ಹಂತದಲ್ಲೂ ತಮ್ಮ ಮಾತು ಹೇಳುವ ಹಕ್ಕಿದೆ ಎಂದು ಅದೇ ಕೋರ್ಟ್ ಹೇಳಿತು. ಅಂದರೆ ದೂರು ಕೊಟ್ಟಾಕೆ ಸರ್ಕಾರಿ ವಕೀಲರನ್ನು ಕಂಡು, ಎಬಿ ಅರ್ಜಿ ಯಾವ ದಿನ ಬರುತ್ತದೆ ಎಂದು ಕೇಳಬಹುದು, ತನ್ನ ವಕೀಲರ ಮೂಲಕ ಆಕ್ಷೇಪಣೆ ಹಾಕಬಹುದು.

ಹಾಸನದಲ್ಲಿ 2024ರ ಏಪ್ರಿಲ್‌ನಲ್ಲಿ ಆದದ್ದು ಯಾರೂ ಮರೆತಿಲ್ಲ. ಲೋಕಸಭಾ ಮತದಾನದ ಹೊಸ್ತಿಲಲ್ಲಿ ಪೆನ್‌ಡ್ರೈವ್‌ಗಳು ಬೀದಿಗೆ ಬಂದವು. ವಿಡಿಯೋಗಳಲ್ಲಿದ್ದ ಹೆಣ್ಣುಮಕ್ಕಳ ಮುಖವನ್ನೂ ಮರೆಮಾಡಿರಲಿಲ್ಲ. ಪ್ರಜ್ವಲ್ ರೇವಣ್ಣ ಮೇಲಿನ ಅತ್ಯಾಚಾರದ ಕೇಸುಗಳೇ ಬೇರೆ, ಅವುಗಳಲ್ಲೊಂದರಲ್ಲಿ 2025ರ ಆಗಸ್ಟ್‌ನಲ್ಲಿ ಜೀವಾವಧಿ ಶಿಕ್ಷೆಯಾಯಿತು. ವಿಡಿಯೋ ಹಂಚಿದವರ ಮೇಲಿನ ಕೇಸೇ ಬೇರೆ. ಹಂಚುವುದೂ ಅಪರಾಧ, ಕ್ರಮ ಕೈಗೊಳ್ಳುತ್ತೇವೆ ಎಂದು ಎಸ್‌ಐಟಿ ಬಹಿರಂಗವಾಗಿ ಎಚ್ಚರಿಸಿತು. ಹಂಚಿದ ಆರೋಪ ಹೊತ್ತವರು ನಿರೀಕ್ಷಣಾ ಜಾಮೀನಿಗೆ ಕೋರ್ಟಿನ ಮೆಟ್ಟಿಲೇರಿದರು. ಸತ್ಯ ಹೊರಗೆ ತರಲು ಹಂಚಿದೆವು ಎನ್ನುವವರು ಪೊಲೀಸರಿಗೆ ಒಂದು ಪ್ರತಿ ಕೊಟ್ಟರೆ ಸಾಕಿತ್ತು, ಬಸ್ ಸ್ಟ್ಯಾಂಡಿನಲ್ಲಿ ಬಿಸಾಡಬೇಕಿರಲಿಲ್ಲ.

ಹಂಚಿದವನಿಗೆ ಜಾಮೀನು ಸಿಗಲಿ ಬಿಡಲಿ, ಹರಿದಾಡುತ್ತಿರುವ ವಿಡಿಯೋ ನಿಲ್ಲುವುದಿಲ್ಲ. 2020ರ ನವೆಂಬರ್‌ನಲ್ಲಿ ಒಡಿಶಾ ಹೈಕೋರ್ಟ್, ಯುವತಿಯೊಬ್ಬಳ ಹೆಸರಿನಲ್ಲಿ ನಕಲಿ ಫೇಸ್‌ಬುಕ್ ಖಾತೆ ತೆರೆದು ವಿಡಿಯೋ ಹಾಕಿದವನಿಗೆ ಜಾಮೀನು ನಿರಾಕರಿಸುತ್ತ, ಇಂಥದ್ದನ್ನು ಇಂಟರ್ನೆಟ್ಟಿನಿಂದ ಶಾಶ್ವತವಾಗಿ ಅಳಿಸುವ ದಾರಿ ನಮ್ಮ ಕಾನೂನಿನಲ್ಲಿ ಇಲ್ಲವಲ್ಲ ಎಂದು ಕಳವಳಪಟ್ಟಿತು. 2021ರ ಐಟಿ ನಿಯಮಗಳಲ್ಲಿ ಅರ್ಧ ಉತ್ತರ ಬಂತು. ಫೇಸ್‌ಬುಕ್, ಯೂಟ್ಯೂಬ್‌ನಂಥ ಜಾಲತಾಣಕ್ಕೆ ಆಕೆಯೇ ಅಥವಾ ಆಕೆಯ ಪರವಾಗಿ ಇನ್ನೊಬ್ಬರು ದೂರು ಕೊಟ್ಟರೆ, ಖಾಸಗಿ ಚಿತ್ರವನ್ನು 24 ಗಂಟೆಯೊಳಗೆ ತೆಗೆಯಲು ಕ್ರಮ ಕೈಗೊಳ್ಳಬೇಕು ಎಂದು ಆಗ ಗಡುವು ಇಟ್ಟಿದ್ದರು. ರಾಷ್ಟ್ರೀಯ ಸೈಬರ್ ಅಪರಾಧ ಪೋರ್ಟಲ್‌ನಲ್ಲಿ ಹೆಸರು ಹೇಳದೆಯೂ ಇಂಥ ವರದಿ ಕೊಡಬಹುದು. ಒಬ್ಬರ ಫೋನಿನಿಂದ ಇನ್ನೊಬ್ಬರ ಫೋನಿಗೆ ಹೋದದ್ದಕ್ಕೆ ಇದ್ಯಾವುದೂ ತಲುಪುವುದಿಲ್ಲ.

2024ರ ಜುಲೈ 1ರಿಂದ 438ರ ಜಾಗಕ್ಕೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 482 ಬಂದಿದೆ. ಅದರಲ್ಲಿ ಕಾಣಿಸಿರುವ ಷರತ್ತುಗಳು 1974ರವೇ. ಕರೆದಾಗ ವಿಚಾರಣೆಗೆ ಬರಬೇಕು, ಸಾಕ್ಷಿಗಳನ್ನು ಬೆದರಿಸಬಾರದು, ಆಮಿಷ ಒಡ್ಡಬಾರದು, ಅನುಮತಿ ಇಲ್ಲದೆ ದೇಶ ಬಿಡಬಾರದು. ಫೋನನ್ನು ಪೊಲೀಸರಿಗೆ ಒಪ್ಪಿಸು, ಪಾಸ್‌ವರ್ಡ್ ಕೊಡು, ಎಲ್ಲೆಲ್ಲಿಗೆ ಕಳಿಸಿದ್ದೀಯ ಹೇಳು, ಆಕೆಯ ಹೆಸರು ಎಲ್ಲೂ ಎತ್ತಬೇಡ ಎಂಬ ಮಾತು ಆ ಪಟ್ಟಿಯಲ್ಲಿಲ್ಲ. ಸಂದರ್ಭಕ್ಕೆ ತಕ್ಕಂತೆ ಬೇರೆ ಷರತ್ತು ಹಾಕುವ ಅಧಿಕಾರ ನ್ಯಾಯಾಧೀಶರಿಗೆ ಇದೆ. ಅವನ್ನು ಹಾಕಿ ಎಂದು ಅರ್ಜಿಯ ದಿನ ಎದ್ದು ನಿಂತು ಕೇಳಬೇಕಾದವರು ಸರ್ಕಾರಿ ವಕೀಲರು, ಇಲ್ಲವೇ ಆಕೆಯ ವಕೀಲರು.